ದನಿ ಗೊತ್ತು, ಹೆಸರು ಗೊತ್ತಿಲ್ಲ

ಹಿಚ್‌ಕಾಕ್‌ನ ‘ಸೈಕೋ’ (1960) ನೋಡಿದವರು ಆ ತಾಯಿಯ ದನಿಯನ್ನು ಮರೆಯುವುದಿಲ್ಲ. ಗುಡ್ಡದ ಮೇಲಿನ ಮನೆಯಿಂದ ರಾತ್ರಿಯಲ್ಲಿ ತೇಲಿಬಂದು ಮಗನನ್ನು ಚುಚ್ಚಿ ಮಾತಾಡುವ ಮುದಿ ಗಂಟಲು ಅದು. ಆದರೆ ಅದು ಒಬ್ಬರ ಗಂಟಲಲ್ಲ. ಪಾಲ್ ಜಾಸ್ಮಿನ್ ಎಂಬ ಯುವಕ, ವರ್ಜೀನಿಯಾ ಗ್ರೆಗ್ ಮತ್ತು ಜನೆಟ್ ನೋಲನ್, ಈ ಮೂವರ ದನಿಯನ್ನು ಕತ್ತರಿಸಿ, ಬೆರೆಸಿ, ಜೋಡಿಸಿದ್ದು. ಕಂಠದಾನ ಮಾಡಿದ ಮೂವರಲ್ಲಿ ಒಬ್ಬರ ಹೆಸರೂ ಟೈಟಲ್ ಕಾರ್ಡಿನಲ್ಲಿಲ್ಲ. ಅದೇ ಚಿತ್ರದಲ್ಲಿ, ಆ ತಾಯಿ ಸತ್ತು ಮಣ್ಣಾಗಿ ಹತ್ತು ವರ್ಷವಾಯಿತು ಎಂದು ಹೇಳುವ ಶೆರಿಫ್ ಒಬ್ಬನಿದ್ದಾನೆ. ಆ ಪಾತ್ರ ಮಾಡಿದ ಜಾನ್ ಮ್ಯಾಕಿಂಟೈರ್, ಜನೆಟ್ ನೋಲನ್ ಅವರ ಗಂಡ. ಇದು ತಿಳಿದ ಮೇಲೆ ಆ ದೃಶ್ಯವನ್ನು ನಾನು ಮೊದಲಿನ ಹಾಗೆ ನೋಡಲಾರೆ.

ನೋಲನ್ ಹುಟ್ಟಿದ್ದು 1911ರಲ್ಲಿ, ಲಾಸ್ ಏಂಜಲೀಸ್‌ನಲ್ಲಿ. ಸಿನಿಮಾ ನಗರಿಯ ಮಗಳಾದರೂ ಸಿನಿಮಾಕ್ಕೆ ಬಂದದ್ದು ತಡವಾಗಿ. ಅದಕ್ಕೂ ಮೊದಲು ಹದಿನೈದು ವರ್ಷ ರೇಡಿಯೊ. ಸುದ್ದಿಯನ್ನು ನಾಟಕವಾಗಿ ಆಡಿ ತೋರಿಸುತ್ತಿದ್ದ ‘ದ ಮಾರ್ಚ್ ಆಫ್ ಟೈಮ್’ನಂಥ ಕಾರ್ಯಕ್ರಮಗಳಲ್ಲಿ ಅವರು ಪಳಗಿದರು. ರೇಡಿಯೊ ಕಲಾವಿದೆಗೆ ವಯಸ್ಸಿಲ್ಲ, ಬಣ್ಣವಿಲ್ಲ. ಇಪ್ಪತ್ತೈದರ ಹೆಣ್ಣು ಮೈಕಿನ ಮುಂದೆ ಎಂಬತ್ತರ ಅಜ್ಜಿಯಾಗಬಹುದು. ಮುಂದೆ ಕ್ಯಾಮೆರಾ ಎದುರಿಗೂ ಅವರು ಆ ಸ್ವಾತಂತ್ರ್ಯವನ್ನು ಬಿಟ್ಟುಕೊಡಲಿಲ್ಲ.

ಅದೇ ಕಾರ್ಯಕ್ರಮದಲ್ಲಿ ದುಡಿದಿದ್ದ ಆರ್ಸನ್ ವೆಲ್ಸ್ ‘ಮ್ಯಾಕ್‌ಬೆತ್’ (1948) ಮಾಡಲು ಹೊರಟಾಗ ಬೇರೆ ನಟಿಯರ ಬಾಗಿಲು ತಟ್ಟಿ ಕೊನೆಗೆ ನೋಲನ್ ಅವರಲ್ಲಿಗೆ ಬಂದರು. ಮೊದಲ ಚಿತ್ರದಲ್ಲೇ ಲೇಡಿ ಮ್ಯಾಕ್‌ಬೆತ್! ಅಗ್ಗದ ಕೌಬಾಯ್ ಚಿತ್ರಗಳಿಗೆ ಹೆಸರಾದ ರಿಪಬ್ಲಿಕ್ ಸ್ಟುಡಿಯೊದಲ್ಲಿ, ಕೇವಲ 23 ದಿನಗಳ ಚಿತ್ರೀಕರಣ. ಸಂಭಾಷಣೆಯನ್ನು ಮೊದಲೇ ಧ್ವನಿಮುದ್ರಿಸಿ, ಸೆಟ್ಟಿನಲ್ಲಿ ಅದಕ್ಕೆ ತುಟಿ ಹೊಂದಿಸಬೇಕಿತ್ತು. ಎಲ್ಲರೂ ಸ್ಕಾಟ್‌ಲೆಂಡಿನ ಉಚ್ಚಾರದಲ್ಲಿ ಆಡಿದ್ದರು. ಅದು ಅರ್ಥವಾಗುವುದಿಲ್ಲವೆಂದು ಸ್ಟುಡಿಯೊ ಚಿತ್ರವನ್ನು ಮೊಟಕುಗೊಳಿಸಿ, ಬಹುಪಾಲು ಮಾತನ್ನು ಮತ್ತೆ ಮುದ್ರಿಸಿತು. ವಿಮರ್ಶಕರು ನೋಲನ್ ಅವರ ಮೇಲೂ ಹರಿಹಾಯ್ದರು. ಮೂಲ ಉಚ್ಚಾರದ ಪ್ರತಿ ಮತ್ತೆ ಹೊರಬಂದದ್ದು 1980ರಲ್ಲಿ. ದನಿಯನ್ನೇ ನಂಬಿ ಬದುಕಿದ ಕಲಾವಿದೆಯ ಮೊದಲ ಚಿತ್ರದಲ್ಲಿ ದನಿಗೇ ಕತ್ತರಿ ಬಿದ್ದಿತ್ತಲ್ಲ, ಅದು ನನ್ನನ್ನು ಇಂದಿಗೂ ಕಾಡುತ್ತದೆ.

ಅವರ ಕಸುಬು ಎಂಥದ್ದೆಂದು ತಿಳಿಯಲು ಫ್ರಿಟ್ಜ್ ಲಾಂಗ್‌ನ ‘ದ ಬಿಗ್ ಹೀಟ್’ (1953) ಚಿತ್ರದ ಮೊದಲ ಕೆಲವು ನಿಮಿಷ ಸಾಕು. ಮೇಜಿನ ಮೇಲೊಂದು ಪಿಸ್ತೂಲು. ಕೈಯೊಂದು ಅದನ್ನೆತ್ತಿಕೊಳ್ಳುತ್ತದೆ. ಗುಂಡಿನ ಸದ್ದು. ಪೊಲೀಸ್ ಅಧಿಕಾರಿಯೊಬ್ಬ ಮೇಜಿನ ಮೇಲೆ ಕುಸಿಯುತ್ತಾನೆ. ಅವನ ಹೆಂಡತಿ ಬರ್ತಾ ಮೆಟ್ಟಿಲಿಳಿದು ಬರುತ್ತಾಳೆ. ನಾವು ಚೀರಾಟಕ್ಕೆ ಕಾಯುತ್ತೇವೆ, ಅದು ಬರುವುದಿಲ್ಲ. ಗಂಡ ಬಿಟ್ಟುಹೋದ ಲಕೋಟೆ ಒಡೆದು, ಕಾಗದ ಓದಿ, ಫೋನ್ ಎತ್ತುತ್ತಾಳೆ. ಕರೆ ಹೋಗುವುದು ಪೊಲೀಸರಿಗಲ್ಲ, ಊರನ್ನು ಮುಷ್ಟಿಯಲ್ಲಿಟ್ಟುಕೊಂಡಿರುವ ಗೂಂಡಾಗಳ ಧಣಿಗೆ. ಸತ್ತವನ ತಪ್ಪೊಪ್ಪಿಗೆಯೇ ಇನ್ನು ಅವಳ ಜೀವನಾಂಶ. ಇಷ್ಟಾದರೂ ನೋಲನ್ ಅವರ ದನಿ ಒಂದು ಎಳೆಯೂ ಏರುವುದಿಲ್ಲ. ಪತ್ತೇದಾರ ಮನೆಗೆ ಬಂದಾಗ ಅದೇ ಹೆಂಗಸು ದುಃಖದಲ್ಲಿ ಮುಳುಗಿದ ವಿಧವೆ. ಗ್ಲೆನ್ ಫೋರ್ಡ್, ಗ್ಲೋರಿಯಾ ಗ್ರಹಾಂ ಅವರಿಗಾಗಿ ಜನ ಈ ಚಿತ್ರ ನೋಡುತ್ತಾರೆ. ಹೆದರುವುದು ಮಾತ್ರ ಬರ್ತಾಳಿಗೆ.

ಟೆಲಿವಿಷನ್ ಬಂದ ಮೇಲೆ ಅವರಿಗೆ ಬಿಡುವೇ ಇರಲಿಲ್ಲ. ಮುನ್ನೂರಕ್ಕೂ ಹೆಚ್ಚು ಕಂತುಗಳು, ನಾಲ್ಕು ಎಮ್ಮಿ ನಾಮನಿರ್ದೇಶನ. ‘ದ ಟ್ವೈಲೈಟ್ ಜೋನ್’ನಲ್ಲಿ ಒಮ್ಮೆ ಬೆಟ್ಟದ ಸೀಮೆಯ ಮುದುಕಿ, ಮತ್ತೊಮ್ಮೆ ಮಾಟಗಾತಿ ಅಜ್ಜಿ. ಆಗಿನ್ನೂ ಅವರಿಗೆ ಐವತ್ತರ ಆಸುಪಾಸು. 1971ರಲ್ಲಿ ‘ಗನ್‌ಸ್ಮೋಕ್’ ಧಾರಾವಾಹಿಗೆ ಸ್ಯಾಲಿ ಫರ್ಗಸ್ ಆಗಿ ಬಂದರು. ಹರಕು ಬಟ್ಟೆಯ, ಗುಜರಿ ಆಯುವ, ಬಾಯಿಬಡಕಿ ಮುದುಕಿ. ಗುಂಡೇಟು ತಿಂದ ಕಳ್ಳನೊಬ್ಬನನ್ನು ಮನೆಯಲ್ಲಿಟ್ಟು ಆರೈಕೆ ಮಾಡುತ್ತಾಳೆ. ಜನ ಎಷ್ಟು ಮೆಚ್ಚಿದರೆಂದರೆ, 1974ರಲ್ಲಿ ‘ಡರ್ಟಿ ಸ್ಯಾಲಿ’ ಎಂದು ಅವಳದೇ ಧಾರಾವಾಹಿ ಶುರುವಾಯಿತು. ವರ್ಷ ತುಂಬುವ ಮೊದಲೇ ಅದು ನಿಂತುಹೋಯಿತು. ಅರವತ್ತು ದಾಟಿದ ನಟಿಯನ್ನು ನಾಯಕಿಯಾಗಿಸಿದ ಆ ಪ್ರಯತ್ನಕ್ಕೆ ಇನ್ನಷ್ಟು ಕಾಲ ಸಿಗಬೇಕಿತ್ತು.

ಮ್ಯಾಕಿಂಟೈರ್ ಅವರೊಂದಿಗೆ 1935ರಲ್ಲಿ ಮದುವೆ, 1991ರಲ್ಲಿ ಅವರು ತೀರಿಕೊಳ್ಳುವವರೆಗೂ ಒಟ್ಟಿಗೆ ಬಾಳ್ವೆ. ದುಡಿದದ್ದೂ ಜೊತೆಜೊತೆಯಾಗಿಯೇ. ಡಿಸ್ನಿಯ ‘ದ ರೆಸ್ಕ್ಯೂವರ್ಸ್’ನಲ್ಲಿ ಆಕೆ ನೀರಿಲಿ, ಆತ ಮುದಿ ಬೆಕ್ಕು. ‘ದ ಫಾಕ್ಸ್ ಅಂಡ್ ದ ಹೌಂಡ್’ (1981) ಚಿತ್ರದಲ್ಲಿ ತಬ್ಬಲಿ ನರಿಮರಿಯನ್ನು ಸಾಕಿ, ಕೊನೆಗೆ ಮನಸ್ಸು ಕಲ್ಲು ಮಾಡಿಕೊಂಡು ಕಾಡಿಗೆ ಬಿಟ್ಟುಬರುವ ವಿಧವೆಯ ದನಿ ನೋಲನ್ ಅವರದು. ‘ಸೈಕೋ’ದ ಆ ಕರ್ಕಶ ತಾಯಿಯ ಹಿಂದೆಯೂ ಇದೇ ಗಂಟಲಿತ್ತು ಎಂದು ಆ ನರಿಮರಿಗಾಗಿ ಅತ್ತ ಮಕ್ಕಳಿಗೆ ಯಾರು ಹೇಳುತ್ತಾರೆ?

ಅವರ ಕೊನೆಯ ಚಿತ್ರ ‘ದ ಹಾರ್ಸ್ ವಿಸ್ಪರರ್’. ಕಥೆ ನಡೆಯುವುದು ಮೊಂಟಾನಾದಲ್ಲಿ. ಗಂಡಹೆಂಡಿರು ಬಹುಕಾಲ ಬೇಸಾಯದ ಮನೆ ಇಟ್ಟುಕೊಂಡಿದ್ದ ಸೀಮೆ ಅದೇ. ಅದರಲ್ಲಿ ರಾಬರ್ಟ್ ರೆಡ್‌ಫೋರ್ಡ್‌ಗೆ ತಾಯಿ. 1998ರ ಮೇ ತಿಂಗಳಲ್ಲಿ ಚಿತ್ರ ತೆರೆಕಂಡಿತು. ಜೂನ್ 5ರಂದು ನೋಲನ್ ತೀರಿಕೊಂಡರು, 86ನೆಯ ವಯಸ್ಸಿನಲ್ಲಿ. ಈ ಬಾರಿ ಹೆಸರು ಟೈಟಲ್ ಕಾರ್ಡಿನಲ್ಲಿತ್ತು.