ಭಾರೀ ಸೊಳ್ಳೆ ಕಂಡರೆ ಗಾಬರಿ ಬೇಡ, ಅಪಾಯವಿರುವುದು ಬ್ಯಾರಲ್‌ ನೀರಿನಲ್ಲಿ

ಮುಂಡಗೋಡ: ಇಂದೂರದಂತಹ ಕಾಡಂಚಿನ ಊರುಗಳಲ್ಲಿ ಸಾಮಾನ್ಯ ಸೊಳ್ಳೆಯ ಎರಡು-ಮೂರು ಪಟ್ಟು ದೊಡ್ಡದೊಂದು ಗೋಡೆಯ ಮೇಲೆ ಕುಳಿತರೆ ಗಾಬರಿಯಾಗುವುದು ಸಹಜ. ಆದರೆ ಮೈ ಮಿರುಗುವ, ಮೂತಿ ಕೆಳಕ್ಕೆ ಬಾಗಿದ ಈ 'ಆನೆ ಸೊಳ್ಳೆ' (ಟಾಕ್ಸೋರಿಂಕೈಟಿಸ್) ರಕ್ತ ಹೀರುವುದಿಲ್ಲ. ಗಂಡು, ಹೆಣ್ಣು ಎರಡಕ್ಕೂ ಹೂವಿನ ಮಕರಂದವೇ ಆಹಾರ. ಮರದ ಪೊಟರೆ, ಕಡಿದ ಬಿದಿರಿನ ಬುಡದಲ್ಲಿ ನಿಂತ ನೀರಿನಲ್ಲಿ ಬೆಳೆಯುವ ಇದರ ಮರಿಹುಳುಗಳು ಇತರ ಸೊಳ್ಳೆಗಳ ಮರಿಹುಳುಗಳನ್ನೇ ತಿಂದು ಬದುಕುತ್ತವೆ. ಡೆಂಗಿ ನಿಯಂತ್ರಣಕ್ಕೆಂದು ಇದನ್ನು ಬೇರೆ ದೇಶಗಳಲ್ಲಿ ಬೆಳೆಸಿ ಬಿಟ್ಟದ್ದೂ ಉಂಟು.

ಹಾಗೆಂದು ದೊಡ್ಡವೆಲ್ಲ ಸಾಧುವಲ್ಲ. ಶೌಚಗುಂಡಿಯಲ್ಲಿ ಹುಟ್ಟುವ, ಗಾತ್ರದಲ್ಲಿ ದೊಡ್ಡದೇ ಆದ ಆರ್ಮಿಜೆರಿಸ್ ಸೊಳ್ಳೆ ಮುಸ್ಸಂಜೆ ಹೊತ್ತಿಗೆ ಚುರುಗುಟ್ಟುವಂತೆ ಕಚ್ಚುತ್ತದೆ.

ನಿಜವಾದ ಭಯ ಇರುವುದು ಕಾಲಿಗೆ ಬಿಳಿ ಪಟ್ಟೆಯುಳ್ಳ ಪುಟ್ಟ ಈಡಿಸ್‌ನಿಂದ. ಡೆಂಗಿ, ಚಿಕೂನ್‌ಗುನ್ಯ ಹರಡುವ ಇದು ಹಗಲಿನಲ್ಲೇ ಕಚ್ಚುತ್ತದೆ. 2024ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸರ್ಕಾರ ಡೆಂಗಿಯನ್ನು ಸಾಂಕ್ರಾಮಿಕ ರೋಗವೆಂದು ಘೋಷಿಸಿತ್ತು. ಬೇಸಿಗೆಯಲ್ಲಿ ನಳದ ನೀರು ತಪ್ಪಿದಾಗ ಮನೆಮನೆಯಲ್ಲಿ ತುಂಬಿಡುವ ಬ್ಯಾರಲ್, ತೊಟ್ಟಿಗಳೇ ಇದರ ತವರು. ಬಿಸಿಲಿಗೆ ಮೊಟ್ಟೆ ವಾರ, ಹತ್ತು ದಿನದೊಳಗೆ ಸೊಳ್ಳೆಯಾಗುತ್ತದೆ. ನೀರು ಚೆಲ್ಲಿದರಷ್ಟೇ ಸಾಲದು, ಒಳಗೋಡೆಯನ್ನು ತಿಕ್ಕಿ ತೊಳೆಯಬೇಕು; ಅಲ್ಲಿ ಅಂಟಿದ ಮೊಟ್ಟೆಗಳು ಒಣಗಿದರೂ ತಿಂಗಳುಗಟ್ಟಲೆ ಜೀವ ಹಿಡಿದಿರುತ್ತವೆ.