ಕ್ರಯದ ಕರಾರಿನ ದಾವೆಯಲ್ಲಿ ವಾದಪತ್ರದ ತಿದ್ದುಪಡಿ

ಜಮೀನಿನ ಕ್ರಯಕ್ಕೆ ಕರಾರುಪತ್ರ ಬರೆದು ಮುಂಗಡ ಪಡೆದ ಬಳಿಕ ಮಾರುವವನು ಹಿಂದೆಗೆಯುವುದು ಗ್ರಾಮಗಳಲ್ಲಿ ಅಪರೂಪವಲ್ಲ. ಆಗ ಕೊಳ್ಳುವವನು ಕರಾರನ್ನು ನೆರವೇರಿಸಿಕೊಡಬೇಕೆಂದು ಸಿವಿಲ್ ನ್ಯಾಯಸ್ಥಾನದಲ್ಲಿ ದಾವೆ ಹೂಡುತ್ತಾನೆ. ಅದು ಮುಗಿಯುವವರೆಗೆ ಆ ಭೂಮಿಗೆ ಬದು ಹಾಕುವುದಕ್ಕಾಗಲಿ, ಬಾವಿ ತೋಡುವುದಕ್ಕಾಗಲಿ ಯಾರಿಗೂ ಮನಸ್ಸು ಬಾರದು. ಆದುದರಿಂದ ವಾದಪತ್ರದ ದೋಷದಿಂದ ದಾವೆಯು ಕೆಡದಂತೆ ನೋಡಿಕೊಳ್ಳುವುದು ವ್ಯವಸಾಯದ ಹಿತಕ್ಕೂ ಸೇರಿದ ವಿಷಯವಾಗಿದೆ.

ವಾದಿಯ ವಾದಪತ್ರವೂ ಪ್ರತಿವಾದಿಯ ಉತ್ತರಪತ್ರವೂ ದಾವೆಗೆ ಚಕ್ಕುಬಂದಿಯಿದ್ದಂತೆ. ಅವುಗಳಲ್ಲಿ ಹೇಳದ ಸಂಗತಿಗೆ ಸಾಕ್ಷ್ಯ ತಂದರೂ ಸಾಮಾನ್ಯವಾಗಿ ಪ್ರಯೋಜನವಿಲ್ಲ. ಬೇಡದ ಪರಿಹಾರವು ಸಾಮಾನ್ಯವಾಗಿ ದೊರೆಯದು. ಆದರೆ ಬರೆಹದಲ್ಲಿ ತಪ್ಪು ನುಸುಳುವುದು ಸಹಜವಷ್ಟೆ. ಆದುದರಿಂದ 1908ನೆಯ ಇಸವಿಯ ಸಿವಿಲ್ ಪ್ರಕ್ರಿಯಾ ಸಂಹಿತೆಯ 6ನೆಯ ಆದೇಶದ 17ನೆಯ ನಿಯಮವು ತಿದ್ದುಪಡಿಗೆ ಅವಕಾಶ ಕೊಟ್ಟಿರುತ್ತದೆ. ಉಭಯ ಪಕ್ಷಗಳ ನಡುವಣ ನಿಜವಾದ ವಿವಾದವನ್ನು ತೀರ್ಮಾನಿಸಲು ಅವಶ್ಯವಾದ ತಿದ್ದುಪಡಿಗಳನ್ನು ಮಾಡಿಸತಕ್ಕದ್ದೆಂಬುದು ಅದರ ಸಾರ. ಈ ನಿಯಮವು ವಾದಿ ಪ್ರತಿವಾದಿಗಳಿಬ್ಬರಿಗೂ ಒಂದೇ.

ಕರಾರಿನ ದಾವೆಗಳಲ್ಲಿ ಮುಖ್ಯವಾಗಿ ಮೂರು ಬಗೆಯ ಲೋಪಗಳಿಗೆ ಅವಕಾಶವುಂಟು. ಮೊದಲನೆಯದು, ವಾದಪತ್ರದ ಷೆಡ್ಯೂಲಿನಲ್ಲಿ ಸರ್ವೆ ನಂಬರು, ಹಿಸ್ಸೆ, ವಿಸ್ತೀರ್ಣ ಅಥವಾ ಚಕ್ಕುಬಂದಿ ತಪ್ಪಾಗುವುದು. ಎರಡನೆಯದು, ಆ ತಪ್ಪು ಮೂಲ ಕರಾರುಪತ್ರದಲ್ಲಿಯೇ ಇರುವುದು. ಉಭಯರ ತಿಳಿವಳಿಕೆಯ ತಪ್ಪಿನಿಂದ ಪತ್ರವು ಅವರ ನಿಜವಾದ ಉದ್ದೇಶವನ್ನು ತೋರಿಸದಿದ್ದರೆ, ವಾದಪತ್ರವನ್ನು ತಿದ್ದಿದಷ್ಟರಿಂದ ಸಾಲದು. ಪತ್ರವನ್ನೇ ಸರಿಪಡಿಸಬೇಕೆಂದು 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 26ನೆಯ ಪ್ರಕರಣದಂತೆ ಕೇಳಬೇಕು. ಮೂರನೆಯದು, ಕ್ರಯಪತ್ರವನ್ನು ಮಾತ್ರ ಬೇಡಿ, ಜಮೀನಿನ ಸ್ವಾಧೀನವನ್ನಾಗಲಿ, ವಿಭಾಗವನ್ನಾಗಲಿ, ಕರಾರು ನೆರವೇರದ ಪಕ್ಷದಲ್ಲಿ ಮುಂಗಡದ ಹಿಂಪಾವತಿಯನ್ನಾಗಲಿ ಕೇಳದಿರುವುದು. ಅದೇ ಕಾಯಿದೆಯ 22ನೆಯ ಪ್ರಕರಣದಂತೆ ಇವುಗಳನ್ನು ಸ್ಪಷ್ಟವಾಗಿ ಬೇಡತಕ್ಕದ್ದು. ಕೊನೆಯ ಎರಡು ಲೋಪಗಳನ್ನು ದಾವೆಯ ಯಾವ ಹಂತದಲ್ಲಾದರೂ ತಿದ್ದಿಕೊಳ್ಳಲು ನ್ಯಾಯಸ್ಥಾನವು ಅನುಮತಿ ಕೊಡತಕ್ಕದ್ದೆಂದು ಕಾಯಿದೆಯೇ ಹೇಳಿರುವುದು ರೈತರಿಗೆ ದೊಡ್ಡ ಆಸರೆಯಾಗಿದೆ.

ಮಿಕ್ಕ ತಿದ್ದುಪಡಿಗಳ ವಿಷಯದಲ್ಲಿ ಉದಾಸೀನವು ಹಾನಿಕರ. ವಿಚಾರಣೆ ಪ್ರಾರಂಭವಾದ ಮೇಲೆ, ತಕ್ಕ ಶ್ರದ್ಧೆ ವಹಿಸಿದ್ದರೂ ಆ ವಿಷಯವನ್ನು ಮೊದಲೇ ಎತ್ತುವುದು ಸಾಧ್ಯವಿರಲಿಲ್ಲವೆಂದು ನ್ಯಾಯಸ್ಥಾನಕ್ಕೆ ಮನವರಿಕೆಯಾಗದ ಹೊರತು ತಿದ್ದುಪಡಿಯನ್ನು ಒಪ್ಪಕೂಡದೆಂದು 2002ರ ಜುಲೈ 1ರಿಂದ ನಿಯಮವು ಬಿಗಿಯಾಗಿದೆ. ಸಾಕ್ಷಿಯ ಮುಖ್ಯ ಹೇಳಿಕೆಯ ಪ್ರಮಾಣಪತ್ರವನ್ನು ಸಲ್ಲಿಸುವುದೇ ವಿಚಾರಣೆಯ ಪ್ರಾರಂಭವೆಂದು ಸುಪ್ರೀಂ ಕೋರ್ಟು 2008ರಲ್ಲಿ ಕರ್ನಾಟಕದ ಒಂದು ಮೊಕದ್ದಮೆಯಲ್ಲಿ ತೀರ್ಮಾನಿಸಿತು.

ಇದಲ್ಲದೆ ವಾಯಿದೆಯ ಪ್ರಶ್ನೆಯೂ ಉಂಟು. ಕರಾರಿನ ನೆರವೇರಿಕೆಗಾಗಿ, ಗೊತ್ತುಮಾಡಿದ ತಾರೀಖಿನಿಂದ 3 ವರ್ಷಗಳೊಳಗೆ, ತಾರೀಖಿಲ್ಲದಿದ್ದರೆ ಎದುರು ಪಕ್ಷದವರು ನಿರಾಕರಿಸಿದ್ದು ತಿಳಿದಂದಿನಿಂದ 3 ವರ್ಷಗಳೊಳಗೆ ದಾವೆ ಹೂಡಬೇಕು. 1995ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ ಒಂದು ಮೊಕದ್ದಮೆಯ ವಾದಿಗಳು ಮೊದಲು ಪ್ರತಿಬಂಧಕಾಜ್ಞೆಯನ್ನಷ್ಟೇ ಬೇಡಿದ್ದರು. 7 ವರ್ಷಗಳಾದ ಮೇಲೆ ಕರಾರಿನ ನೆರವೇರಿಕೆಯನ್ನು ಸೇರಿಸಲು ಅರ್ಜಿ ಹಾಕಿದರು. ವಾಯಿದೆ ಮೀರಿತ್ತೆಂದು ಅರ್ಜಿಯು ತಿರಸ್ಕೃತವಾಯಿತು. ಜಮೀನನ್ನೇ ಪಡೆಯಬೇಕೆಂಬವನು ಪ್ರತಿಬಂಧಕಾಜ್ಞೆಯಿಂದ ತೃಪ್ತನಾಗಿ ಕುಳಿತರೆ ಹೀಗೆ ಹಕ್ಕನ್ನೇ ಕಳೆದುಕೊಳ್ಳುವ ಸಂಭವವುಂಟು. ಅರ್ಜಿಯು ಸದುದ್ದೇಶದ್ದೇ, ಎದುರು ಪಕ್ಷಕ್ಕೆ ಹಣದಿಂದ ತುಂಬಿಕೊಡಲಾಗದ ನಷ್ಟವಾಗುವುದೇ, ದಾವೆಯ ಸ್ವರೂಪವೇ ಬದಲಾಗುವುದೇ ಎಂಬುದನ್ನೂ ನ್ಯಾಯಸ್ಥಾನವು ಪರಿಶೀಲಿಸುವುದು.

ಆದುದರಿಂದ ಗ್ರಾಮದ ಮುಖ್ಯಸ್ಥರು ತಮ್ಮಲ್ಲಿಗೆ ಸಲಹೆಗಾಗಿ ಬರುವ ರೈತರಿಗೆ ಈ ಕೆಲವು ಮಾತುಗಳನ್ನು ತಿಳಿಸುವುದು ಉಚಿತ. ವಾದಪತ್ರಕ್ಕೆ ರುಜು ಹಾಕುವ ಮೊದಲು ಅದನ್ನು ಓದಿಸಿ ಕೇಳಬೇಕು. ಷೆಡ್ಯೂಲನ್ನು ಪಹಣಿ, ಸರ್ವೆ ನಕ್ಷೆ ಮತ್ತು ಕರಾರುಪತ್ರಗಳೊಡನೆ ಹೋಲಿಸಬೇಕು. ಕ್ರಯಪತ್ರ, ಸ್ವಾಧೀನ, ಪರ್ಯಾಯವಾಗಿ ಮುಂಗಡ, ಇವೆಲ್ಲವನ್ನೂ ಬೇಡಿದೆಯೇ ಎಂದು ವಕೀಲರನ್ನು ಕೇಳಬೇಕು. ತಪ್ಪು ಕಂಡುಬಂದರೆ ಮುಂದಿನ ವಾಯಿದೆಯವರೆಗೆ ಕಾಯದೆ ಆಗಲೇ ತಿಳಿಸಬೇಕು. ಅನುಮತಿ ದೊರೆತ ಮೇಲೆ ನ್ಯಾಯಸ್ಥಾನವು ಗೊತ್ತುಮಾಡಿದ ಅವಧಿಯೊಳಗೆ, ಅವಧಿ ಹೇಳದಿದ್ದರೆ 14 ದಿನಗಳೊಳಗೆ, ತಿದ್ದುಪಡಿಯನ್ನು ಮಾಡಿಸದಿದ್ದರೆ, ಕಾಲಾವಕಾಶವನ್ನು ವಿಸ್ತರಿಸಿದ ಹೊರತು ಆ ಅನುಮತಿಯು ನಿಷ್ಫಲವಾಗುವುದು.

ಕಳೆಯನ್ನು ಮೊಳಕೆಯಲ್ಲಿ ಕಿತ್ತರೆ ಒಂದಾಳಿನ ಕೆಲಸ; ಬೆಳೆಯ ಸಂಗಡ ಬೆಳೆಯಗೊಟ್ಟರೆ ಹತ್ತಾಳಿಗೂ ಸಾಗದು. ವಾದಪತ್ರದ ತಪ್ಪೂ ಅಂಥದೇ ಎಂಬುದನ್ನು ಹಿಡುವಳಿದಾರರು ಗಮನದಲ್ಲಿಡಬೇಕಾಗಿ ಅಪೇಕ್ಷೆ.