ತೀರ್ಪು ಹೇಳುತ್ತಿದ್ದ ಕಾಳು

ಒಂದು ಕಾಳು. ನಿರಪರಾಧಿಯ ಹೊಟ್ಟೆ ಸೇರಿದರೆ ವಾಂತಿಯಾಗಿ ಆಚೆ ಬಂದುಬಿಡುತ್ತದೆ. ಮಾಟ ಮಾಡಿದವನ ಹೊಟ್ಟೆ ಸೇರಿದರೆ ಉಸಿರನ್ನೇ ನಿಲ್ಲಿಸುತ್ತದೆ. ಅಜ್ಜಿ ಹೇಳುವ ಮಾಯಾಲೋಕದ ಕತೆ ಇದ್ದ ಹಾಗಿದೆ, ಅಲ್ಲವೆ? ಆದರೆ ಈ ನ್ಯಾಯ ನಡೆದದ್ದು ಈ ಭೂಮಿಯ ಮೇಲೆಯೇ. ಇಂದಿನ ನೈಜೀರಿಯದ ಆಗ್ನೇಯ ಮೂಲೆಯಲ್ಲಿ, ಕ್ರಾಸ್ ನದಿ ಕಡಲು ಸೇರುವ ಕಡೆ ಇರುವ ಕಲಬಾರ್‌ನಲ್ಲಿ, ಎಫಿಕ್ ಜನರ ನಡುವೆ. ಕಾಳಿನ ಹೆಸರು ಎಸೆರೆ.

ನಮ್ಮ ಅವರೆ, ತೊಗರಿಯ ಕುಟುಂಬಕ್ಕೇ ಸೇರಿದ ಬಳ್ಳಿ ಅದು! ಮರವನ್ನು ತಬ್ಬಿಕೊಂಡು 15 ಮೀಟರಿನವರೆಗೂ ಹಬ್ಬುತ್ತದೆ. ಕಾಳು ಸುಮಾರು ಒಂದು ಇಂಚು ಉದ್ದ, ಕಡುಕಂದು ಬಣ್ಣ. ಮಾಟದ ಆರೋಪ ಹೊತ್ತವರಿಗೆ ಅದನ್ನು ಅರೆದು, ನೀರಿಗೆ ಕಲಸಿ ಕುಡಿಸುತ್ತಿದ್ದರು. ಕುಡಿದವರು ಎದ್ದು ನಡೆಯಬೇಕು. ಕಕ್ಕಿದರೆ ಬಿಡುಗಡೆ. ಬಿದ್ದರೆ ತೀರ್ಪೂ ಅದೇ, ಶಿಕ್ಷೆಯೂ ಅದೇ. ನಮ್ಮ ಹಿಂದಿನವರಿಗೂ ಇಂಥ ನ್ಯಾಯ ಗೊತ್ತಿತ್ತು: ಯಾಜ್ಞವಲ್ಕ್ಯ ಸ್ಮೃತಿ ಹೇಳುವ ತುಲೆ, ಅಗ್ನಿ, ಜಲ, ವಿಷ, ಕೋಶ ಎಂಬ ಐದು ದಿವ್ಯಗಳಲ್ಲಿ ವಿಷವೂ ಒಂದು.

ಕಾಳಿಗೆ ತಪ್ಪಿತಸ್ಥರ ಗುರುತು ಹೇಗೆ ಸಿಗುತ್ತಿತ್ತು? ಬಹುಕಾಲದಿಂದ ಹೇಳಿಕೊಂಡು ಬಂದಿರುವ ವಿವರಣೆ ಕೇಳಿದರೆ ಮೈ ಜುಮ್ಮೆನ್ನುತ್ತದೆ. ತಾವು ತಪ್ಪು ಮಾಡಿಲ್ಲ ಎಂಬ ನಂಬಿಕೆಯವರು ಗಟಗಟನೆ ಕುಡಿಯುತ್ತಿದ್ದರು. ಹೊಟ್ಟೆ ಒಮ್ಮೆಗೇ ಕೆರಳಿ ಎಲ್ಲವನ್ನೂ ಹೊರದಬ್ಬುತ್ತಿತ್ತು. ಒಳಗೊಳಗೇ ಅಳುಕಿದವರು ಗುಟುಕು ಗುಟುಕಾಗಿ ಕುಡಿಯುತ್ತಿದ್ದರು. ವಿಷ ಸದ್ದಿಲ್ಲದೆ ರಕ್ತಕ್ಕೆ ಇಳಿಯುತ್ತಿತ್ತು. ಅಂದರೆ ಕಾಳು ಅಳೆದದ್ದು ಎದೆಗಾರಿಕೆಯನ್ನು. ಬರೀ ಭಯಕ್ಕೆ ಕೈ ನಡುಗಿ ಪ್ರಾಣ ಬಿಟ್ಟ ಅಮಾಯಕರು ಎಷ್ಟು ಜನವೋ, ನೆನೆದರೆ ಸಂಕಟವಾಗುತ್ತದೆ.

ಮಿಷನರಿಗಳ ಕೈಯಿಂದ ಈ ಕಾಳು ಸ್ಕಾಟ್ಲೆಂಡಿನ ಎಡಿನ್‌ಬರೋ ತಲುಪಿತು. ಅಲ್ಲಿದ್ದವರು ರಾಬರ್ಟ್ ಕ್ರಿಸ್ಟಿಸನ್, ವಿಷಗಳ ಬಗ್ಗೆಯೇ ದೊಡ್ಡ ಗ್ರಂಥ ಬರೆದ ವೈದ್ಯ. 1855ರಲ್ಲಿ ಅವರು ಏನು ಮಾಡಿದರು ಗೊತ್ತೆ? ಕಾಳಿನ ಒಂದು ಚೂರನ್ನು ತಾವೇ ತಿಂದರು! ಅಂಥದ್ದೇನೂ ಆಗಲಿಲ್ಲವೆಂದು ಮರುದಿನ ಬೆಳಗ್ಗೆ ಅದಕ್ಕಿಂತ ದೊಡ್ಡ ಚೂರು ಬಾಯಿಗೆ ಹಾಕಿಕೊಂಡರು. ತಲೆ ತಿರುಗಿತು, ಕೈಕಾಲು ಸೋತವು. ವಾಂತಿ ಮಾಡಿಕೊಳ್ಳಬೇಕು, ಈಗಲೇ! ಎದುರಿಗಿದ್ದದ್ದು ಗಡ್ಡ ಹೆರೆದ ಸಾಬೂನಿನ ನೀರು. ಅದನ್ನೇ ಕುಡಿದು ಕಕ್ಕಿದರು, ಬದುಕಿದರು. ಎಫಿಕ್ ನ್ಯಾಯದ ಪ್ರಕಾರ ನಿರಪರಾಧಿಯಾದರು.

ಆಮೇಲೆ ಒಂದರ ಹಿಂದೊಂದು ಬಾಗಿಲು ತೆರೆಯಿತು. ಅದೇ ಊರಿನ ಥಾಮಸ್ ಫ್ರೇಸರ್ ಕಾಳಿನ ಸಾರ ತೆಗೆದು ಪರೀಕ್ಷಿಸಿದರು. 1863ರಲ್ಲಿ ಕಣ್ಣಿನ ವೈದ್ಯ ಡಗ್ಲಸ್ ಆರ್ಗೈಲ್ ರಾಬರ್ಟ್‌ಸನ್ ಆ ಸಾರವನ್ನು ತಮ್ಮ ಕಣ್ಣಿಗೇ ಬಿಟ್ಟುಕೊಂಡರು. ಪಾಪೆ ಸೂಜಿಮೊನೆಯಷ್ಟು ಚಿಕ್ಕದಾಯಿತು. ನಮ್ಮ ಬೇಲಿಬದಿಯ ಉಮ್ಮತ್ತಿ ಗಿಡದಲ್ಲಿರುವ ಅಟ್ರೋಪಿನ್ ಪಾಪೆಯನ್ನು ಹಿಗ್ಗಿಸುತ್ತದೆ; ಕಲಬಾರಿನ ಕಾಳು ಅದನ್ನು ಕುಗ್ಗಿಸುತ್ತದೆ. ಒಂದು ವಿಷಕ್ಕೆ ಇನ್ನೊಂದು ವಿಷ ಮದ್ದು! 1864ರಲ್ಲಿ ಕಾಳಿನಿಂದ ಬೇರ್ಪಡಿಸಿದ ವಸ್ತುವಿಗೆ ಫೈಸೊಸ್ಟಿಗ್ಮಿನ್ ಎಂಬ ಹೆಸರು ಬಂತು. 1876ರಲ್ಲಿ ಅದನ್ನು ಗ್ಲಾಕೋಮಾ ಎಂಬ ಕಣ್ಣಿನ ರೋಗಕ್ಕೆ ಮದ್ದಾಗಿ ಬಳಸಿದವರು ಲುಡ್ವಿಗ್ ಲಾಕ್ವರ್. ಸ್ವತಃ ಅವರಿಗೇ ಗ್ಲಾಕೋಮಾ ಇತ್ತು.

ನರ ಸ್ನಾಯುವಿಗೆ ಅಪ್ಪಣೆ ಕೊಡುವುದು ಅಸಿಟೈಲ್‌ಕೋಲಿನ್ ಎಂಬ ರಾಸಾಯನಿಕದ ಮೂಲಕ. ಕೆಲಸ ಮುಗಿದ ಕೂಡಲೇ ಒಂದು ಕಿಣ್ವ ಅದನ್ನು ಒಡೆದುಹಾಕುತ್ತದೆ. ಎಸೆರೆ ಕಟ್ಟಿಹಾಕುವುದು ಈ ಕಿಣ್ವವನ್ನು. ಅಪ್ಪಣೆಯ ಮೇಲೆ ಅಪ್ಪಣೆ ಬಂದು ಬೀಳುತ್ತದೆ, ಸ್ನಾಯು ತತ್ತರಿಸಿ ಸೋಲುತ್ತದೆ, ಉಸಿರು ಕಟ್ಟುತ್ತದೆ. ಆದರೆ ಆ ಅಪ್ಪಣೆಯೇ ಸರಿಯಾಗಿ ತಲುಪದ ರೋಗಿಗೆ ಇದೇ ವಿಷ ಕೊಟ್ಟರೆ?

1934ರಲ್ಲಿ ಲಂಡನ್ನಿನ ಗ್ರೀನಿಚ್‌ನ ಸೇಂಟ್ ಆಲ್ಫೀಜ್ ಆಸ್ಪತ್ರೆಯಲ್ಲಿ ಡಾ. ಮೇರಿ ವಾಕರ್ ಅದನ್ನೇ ಮಾಡಿ ನೋಡಿದರು. ಸ್ನಾಯುಗಳನ್ನು ಸೋಲಿಸುವ ಮಯಸ್ತೇನಿಯಾ ಗ್ರೇವಿಸ್ ಎಂಬ ರೋಗದಿಂದ ಕಣ್ಣುರೆಪ್ಪೆ ಜೋತುಬಿದ್ದಿದ್ದ ಮಹಿಳೆಗೆ ಫೈಸೊಸ್ಟಿಗ್ಮಿನ್ ಚುಚ್ಚುಮದ್ದು ಕೊಟ್ಟರು. ರೆಪ್ಪೆ ಮೇಲಕ್ಕೆದ್ದಿತು! ಪರಿಣಾಮ ಕೆಲವೇ ಗಂಟೆಗಳದ್ದು, ನಿಜ. ಆದರೆ ಅಲ್ಲಿಯವರೆಗೆ ವೈದ್ಯರು ಕೈಚೆಲ್ಲುತ್ತಿದ್ದ ರೋಗ ಅದು.

ಮರುವರ್ಷ, 1935ರಲ್ಲಿ, ಅಮೆರಿಕದ ಪರ್ಸಿ ಜೂಲಿಯನ್ ತಮ್ಮ ಜೊತೆಗಾರ ಯೋಸೆಫ್ ಪಿಕ್ಲ್ ಅವರೊಂದಿಗೆ ಕಾಳಿನ ಹಂಗೇ ಇಲ್ಲದೆ ಫೈಸೊಸ್ಟಿಗ್ಮಿನ್ ತಯಾರಿಸಿ ತೋರಿಸಿದರು. ಜೂಲಿಯನ್ ಗುಲಾಮರಾಗಿದ್ದವರ ಮೊಮ್ಮಗ. ಕಲಬಾರ್ ಒಂದು ಕಾಲಕ್ಕೆ ಸಾವಿರಾರು ಆಫ್ರಿಕನ್ನರನ್ನು ಹಡಗಿಗೆ ತುಂಬಿ ಮಾರಿದ ಬಂದರು. ಈ ಎರಡು ಸಂಗತಿಗಳನ್ನು ಅಕ್ಕಪಕ್ಕ ಇಟ್ಟಾಗಲೆಲ್ಲ ನನಗೆ ಮಾತು ಹೊರಡುವುದಿಲ್ಲ.

ಈಗಲೂ ಶಸ್ತ್ರಚಿಕಿತ್ಸೆ ಮುಗಿದ ಮೇಲೆ ಸ್ನಾಯುಗಳನ್ನು ಮತ್ತೆ ಎಚ್ಚರಿಸಲು ಕೊಡುವ ನಿಯೊಸ್ಟಿಗ್ಮಿನ್ ಈ ಕಾಳಿನದೇ ವಂಶದ್ದು. ಮಯಸ್ತೇನಿಯಾಕ್ಕೆ ಕೊಡುವ ಪಿರಿಡೊಸ್ಟಿಗ್ಮಿನ್ ಮಾತ್ರೆಯೂ ಅಷ್ಟೆ. ನಿಮ್ಮ ಮನೆಯಲ್ಲಿ ಯಾರಿಗಾದರೂ ಬೆಳಗ್ಗೆ ಚೆನ್ನಾಗಿದ್ದ ಕಣ್ಣುರೆಪ್ಪೆ ಸಂಜೆಯಾಗುತ್ತ ಜೋತುಬೀಳುತ್ತಿದ್ದರೆ, ಊಟ ಅಗಿಯುತ್ತ ಅಗಿಯುತ್ತ ದವಡೆ ಸೋಲುತ್ತಿದ್ದರೆ, ವಯಸ್ಸಾಯಿತೆಂದು ಸುಮ್ಮನಿರಬೇಡಿ. ನರರೋಗ ತಜ್ಞರಿಗೆ ತೋರಿಸಿ. ಮದ್ದು ಇದೆ.